ಎನ್‌ಶಗಲ್ ರಾಜ ಕೊಟ್ಟ ಉತ್ತರ

ತಪ್ಪಾದದ್ದು ಊಟಕ್ಕೆ ಏಳುವ ಗಡಿಬಿಡಿಯಲ್ಲಿ.

ರಿಬತುವಿನ ಮುಂದೆ ಚಾಪೆಯ ಮೇಲೆ ಎರಡು ಮಣ್ಣಿನ ಹಲಗೆಗಳಿದ್ದವು. ಒಂದು ಹಳೆಯದು, ಹಿರಿಯ ಲಿಪಿಕಾರ್ತಿ ಎಲ್ಮೇಶುಮ್ ಅಮ್ಮನವರ ಅಜ್ಜ ಕೈಯಾರೆ ಬರೆದದ್ದು. ಎನ್‌ಶಗಲ್ ರಾಜನ ಹಾಡಿನ ಮೂರನೆಯ ಹಲಗೆ. ಇನ್ನೊಂದು ಅವಳೇ ಬೆಳಿಗ್ಗೆ ನಾದಿ ತಟ್ಟಿಕೊಂಡದ್ದು, ಅರ್ಧ ನಕಲಾಗಿತ್ತು. ಸಿಪ್ಪರ್ ಊರಿನ ಸೂರ್ಯದೇವರ ಮಠದಲ್ಲಿ ನಕಲು ಅಂದರೆ ಅಕ್ಷರಕ್ಕಷ್ಟೇ ಅಲ್ಲ, ಅಳತೆಗೂ ನಕಲು. ಅದೇ ಅಗಲ, ಅದೇ ಉದ್ದ, ಅದೇ ಹೊಳೆಯ ಬೂದು ಮಣ್ಣು. ಹೊರಗಿನಿಂದ ಜೊತೆಗಾತಿ ಲಮಸ್ಸಿ, “ಏ ರಿಬತೂ, ಮೀನು ಖಾಲಿಯಾಗ್ತಿದೆ ಕಣೇ! ಮುಳ್ಳು ಎತ್ತಿಡ್ಲಾ ನಿಂಗೆ?” ಎಂದು ಕೂಗಿದಳು. ರಿಬತು ಮಡಕೆಯಿಂದ ಒದ್ದೆ ಬಟ್ಟೆ ತೆಗೆದು, ಸರಿಯಾಗಿ ಹಿಂಡದೆ, ಬರೆಯುತ್ತಿದ್ದ ಹಲಗೆ ಒಣಗದಿರಲೆಂದು ಮೇಲೆ ಹೊದಿಸಿ ಓಡಿದಳು.

ತಿರುಗಿ ಬಂದು ಬಟ್ಟೆ ಎತ್ತಿದಳು. ಹೊದಿಸಿದ್ದು ಹಳೆಯದರ ಮೇಲೆ.

ಸುಡದ ಮಣ್ಣು ಅದು. ಬಿಸಿಲಿಗೆ ಒಣಗಿಸಿ ಅರವತ್ತು ವರ್ಷ ಬುಟ್ಟಿಯಲ್ಲಿ ಕಾಪಾಡಿಕೊಂಡು ಬಂದದ್ದು. ಅಷ್ಟೂ ವರ್ಷದ ಬಾಯಾರಿಕೆ ಒಂದೇ ಸಲಕ್ಕೆ ತೀರಿಸಿಕೊಂಡಂತೆ ನೀರು ಕುಡಿದುಬಿಟ್ಟಿತ್ತು. ಕೆಳಗಿನ ಅಂಚಿನ ಮೇಲ್ಪದರ ಬಟ್ಟೆಗೇ ಅಂಟಿಕೊಂಡು ಬಂತು. ನಾಲ್ಕು ಸಾಲು. ಅವಳು ಇನ್ನೂ ನಕಲು ಮಾಡಿರದ ನಾಲ್ಕು ಸಾಲು.

ಓದಿಯಾದರೂ ಇಟ್ಟುಕೊಂಡಿದ್ದಳೇ ಅಂದರೆ, ಅದೂ ಇಲ್ಲ. ಮುಂದೇನಾಗುತ್ತದೋ ಎಂಬ ಕುತೂಹಲ ಕಳೆದುಹೋಗಬಾರದೆಂದು ಒಂದೊಂದೇ ಸಾಲು ನೋಡಿ ಬರೆಯುವುದು ಅವಳ ಚಾಳಿ. ಊರಿನ ಕಾಲುವೆ ಬತ್ತಿದಾಗ ಎನ್‌ಶಗಲ್ ರಾಜ ಹೊಳೆಯ ದಂಡೆ ಹಿಡಿದು ಅದು ಹುಟ್ಟುವ ಬೆಟ್ಟದವರೆಗೂ ನಡೆಯುತ್ತಾನೆ. ಅಲ್ಲೊಬ್ಬ ಮುದುಕಿ ಬುಗ್ಗೆಯ ಬಾಯಿಗೆ ಹಿಮ್ಮಡಿ ಒತ್ತಿಕೊಂಡು ಕೂತಿದ್ದಾಳೆ. “ಕಾಲು ತೆಗೆದರೆ ನನಗೇನು ಕೊಡುತ್ತೀ?” ಎಂದು ಕೇಳುತ್ತಾಳೆ. ಇಷ್ಟಕ್ಕೆ ರಿಬತು ಊಟಕ್ಕೆ ಎದ್ದಿದ್ದಳು. ಹಲಗೆಯನ್ನು ಮಗುಚಿ ನೋಡಿದರೆ ಹಿಂಬದಿ ಗಟ್ಟಿಯಾಗಿಯೇ ಇತ್ತು, ಅಲ್ಲಿಯ ಮೊದಲ ಸಾಲು, “ಮುದುಕಿ ಕಾಲೆತ್ತಿದಳು, ನೀರು ನಕ್ಕಿತು.” ನಡುವೆ ರಾಜ ಕೊಟ್ಟ ಉತ್ತರ ಇತ್ತು. ಈಗ ಅದು ಬಟ್ಟೆಯಲ್ಲಿ ಕೆಸರಾಗಿತ್ತು.

ಇಂಥದ್ದಕ್ಕೆ ಮಠದಲ್ಲಿ ಒಂದು ಪದ್ಧತಿ ಇದೆ. ಮೂಲ ಮೊದಲೇ ಒಡೆದಿದ್ದರೆ ನಕಲಿನ ಆ ಜಾಗದಲ್ಲಿ ಚಿಕ್ಕ ಅಕ್ಷರದಲ್ಲಿ ‘ಒಡೆದಿದೆ’ ಎಂದು ಒತ್ತಬೇಕು. ನಕಲು ಮಾಡುವವರ ಕೈಯಲ್ಲೇ ಒಡೆದರೆ ‘ಹೊಸ ಒಡಕು’ ಎಂದು ಒತ್ತಿ ಪಕ್ಕದಲ್ಲಿ ತಮ್ಮ ಹೆಸರು ಹಾಕಬೇಕು. ಮುಂದೆ ಅದರಿಂದ ನಕಲು ಮಾಡುವವರು ಆ ಹೆಸರನ್ನೂ ನಕಲು ಮಾಡುತ್ತಾರೆ. ಹಾಡು ಇರುವಷ್ಟು ಕಾಲ ಆ ಹೆಸರೂ ಇರುತ್ತದೆ.

“ಅಷ್ಟಕ್ಕೆ ಯಾಕೆ ಹೀಗೆ ಕೂತಿದೀಯಾ, ಗಂಡ ಸತ್ತೋಳ ಥರ?” ಲಮಸ್ಸಿ ಬಾಗಿಲಿಗೆ ಒರಗಿ ಈರುಳ್ಳಿ ಕಡಿಯುತ್ತ ಕೇಳಿದಳು. “ನಾಲ್ಕು ಸಾಲು ತಾನೇ? ನೀನೇ ಕಟ್ಟಿ ಹಾಕು. ದಿನಾ ಏನೇನೋ ಚೂರು ಮಣ್ಣಿನ ಮೇಲೆ ಗೀಚಿ ನೀರಿಗೆ ಹಾಕ್ತಿರ್ತೀಯಲ್ಲ, ನಂಗೊತ್ತಿಲ್ಲ ಅಂದ್ಕೊಂಡ್ಯಾ?”

ರಿಬತುವಿನ ಕಿವಿ ಕೆಂಪಾಯಿತು. “ಸುಳ್ಳಾಗತ್ತೆ ಕಣೇ.”

“ಯಾರಿಗೆ ಗೊತ್ತಾಗತ್ತೆ? ಹಳೇದನ್ನ ಬುಟ್ಟಿ ತಳಕ್ಕೆ ಸೇರಿಸ್ಬಿಡು. ಎಲ್ಮೇಶುಮ್ ಅಮ್ಮ ಇದನ್ನ ಕೊನೇ ಸಲ ಓದಿದ್ದು ಹಲ್ಲಿದ್ದಾಗ. ‘ಹೊಸ ಒಡಕು’ ಅಂತ ಹಾಕು ಬೇಕಾದ್ರೆ. ನಾಳೆಯಿಂದ ನೇಯ್ಗೆ ಮನೇಲಿ ಉಣ್ಣೆ ಬಿಡಿಸ್ತಾ ಕೂತಿರ್ತೀಯ. ಅಜ್ಜನ ಹಲಗೆ ಕರಗಿಸಿದೋಳಿಗೆ ಆಯಮ್ಮ ಮತ್ತೆ ಬರೆಯೋ ಕಡ್ಡಿ ಕೊಡ್ತಾರೇನು?”

ಆ ಮಾತೇ ತಾಗಿದ್ದು. ನಾಲ್ಕು ಜನರ ಮುಂದೆ ಬಾಯಿ ಬಿಟ್ಟರೆ ನಾಲಗೆ ಒಣಗುವ ರಿಬತುವಿಗೆ ಆ ಜೊಂಡಿನ ಕಡ್ಡಿಯೇ ಬಾಯಿ. ಅದನ್ನೂ ಕಿತ್ತುಕೊಂಡರೆ ಅವಳ ಪಾಲಿಗೆ ಇನ್ನೇನೂ ಉಳಿಯುವುದಿಲ್ಲ.

ಬಟ್ಟೆ ಹೊದೆಯದೆ ಅವಳ ಹಲಗೆಯೂ ಬಿರುಕು ಬಿಟ್ಟಿತ್ತು. ಹೊಸ ಮಣ್ಣು ನಾದಿದಳು. ಸಂಜೆಯ ಬೆಳಕು ಇಳಿಯುವುದರೊಳಗೆ ಮೊದಲಿಂದ ಬರೆದು ಆ ಜಾಗಕ್ಕೆ ಬಂದಾಗ ಕೈ ನಿಂತಿತು. ನಿಂತ ಕೈ ಆಮೇಲೆ ತಾನಾಗಿ ನಡೆಯಿತು. ನಾಲ್ಕು ಸಾಲು, ಅಳತೆಗೆ ಸರಿಯಾಗಿ. ರಾಜ ಮುದುಕಿಗೆ ತನ್ನ ಹೆಸರನ್ನು ಕೊಟ್ಟುಬಿಡುತ್ತಾನೆ. ಬರೆಯುವಾಗ ಒಂಥರಾ ಸುಖವೂ ಆಯಿತು. ಆ ಸುಖವೇ ಆಮೇಲೆ ಅವಳನ್ನು ಚುಚ್ಚತೊಡಗಿತು.

ನಕಲು ಮುಗಿದರೂ ಓದಿ ಒಪ್ಪಿಸುವವರೆಗೆ ಅದು ಒಣಗುವಂತಿಲ್ಲ, ತಪ್ಪಿದ್ದರೆ ತಿದ್ದಬೇಕಲ್ಲ. ಎರಡು ದಿನ ರಿಬತು ಗಳಿಗೆಗೊಮ್ಮೆ ಬಟ್ಟೆಗೆ ನೀರು ಚಿಮುಕಿಸಿದಳು. ಪ್ರತಿ ಸಲವೂ ಅಳಿಸಿಬಿಡಲೇ ಅನ್ನಿಸುತ್ತಿತ್ತು. ಪ್ರತಿ ಸಲವೂ ಬಟ್ಟೆ ಮುಚ್ಚುತ್ತಿದ್ದಳು.

ಮೂರನೆಯ ದಿನ ಬೆಳಿಗ್ಗೆ ಎಲ್ಮೇಶುಮ್ ಒಬ್ಬರೇ ಬರಲಿಲ್ಲ. ಹಿಂದೆ ಕೋಲೂರಿಕೊಂಡು ಒಬ್ಬ ಮುದುಕ ಬಂದ.

“ಕಿಶ್ ಊರಿನ ಇಬ್ನಾತುಮ್ ಕಣೇ,” ಎಂದರು ಎಲ್ಮೇಶುಮ್. “ಎನ್‌ಶಗಲ್ ಹಾಡನ್ನ ಬಾಯಲ್ಲಿ ಹಾಡೋರು ಈಗ ಇವರೊಬ್ಬರೇ. ಇವರ ಗುರು ಹಾಡಿದ್ದನ್ನೇ ನಮ್ಮಜ್ಜ ಬರ್ಕೊಂಡಿದ್ದು. ನಾನು ಓದ್ತೀನಿ, ಇವರು ಕೇಳ್ತಾರೆ.”

“ದೋಣೀಲಿ ಎರಡು ದಿನ ಕೂತು ಸೊಂಟ ಹೋಯ್ತು ತಾಯೀ,” ಎಂದು ಮುದುಕ ಗೋಡೆಗೆ ಒರಗಿದ. “ಓದು ಬೇಗ. ಕುಡಿಯೋಕೆ ಏನಾದ್ರೂ ಕೊಟ್ಟು ಓದಿದ್ರೆ ಇನ್ನೂ ಚೆನ್ನಾಗಿ ಕೇಳಿಸತ್ತೆ.”

“ಕೇಳಿದ ಮೇಲೆ. ಮೊದಲೇ ಕೊಟ್ರೆ ನೀವು ಕೇಳೋದು ನಿಮ್ಮ ಗೊರಕೇನೇ.”

ಲಮಸ್ಸಿ ಬಾಗಿಲ ಮರೆಯಿಂದ ರಿಬತುವನ್ನು ನೋಡಿ ಕಣ್ಣರಳಿಸಿದಳು. ಎಲ್ಮೇಶುಮ್ ಹಲಗೆಯನ್ನು ಬೆಳಕಿಗೆ ಓರೆಯಾಗಿ ಹಿಡಿದು ಓದತೊಡಗಿದರು. ರಾಜ ನಡೆದ, ಊರುಗಳು ಹಿಂದಾದವು, ಬೆಟ್ಟ ಬಂತು. ಮುದುಕ ಕಣ್ಣು ಮುಚ್ಚಿ ಬೆರಳಲ್ಲಿ ತೊಡೆ ತಟ್ಟುತ್ತಿದ್ದ. ಬುಗ್ಗೆಯ ಮುದುಕಿ ಬಂದಳು. “ಕಾಲು ತೆಗೆದರೆ ನನಗೇನು ಕೊಡುತ್ತೀ?”

“ನಿಲ್ಸಿ ಅಮ್ಮಾ.”

ಯಾರು ಹೇಳಿದ್ದೆಂದು ರಿಬತುವಿಗೇ ಒಂದು ಕ್ಷಣ ತಿಳಿಯಲಿಲ್ಲ. ಎಲ್ಲರೂ ತನ್ನನ್ನೇ ನೋಡುತ್ತಿದ್ದರು.

“ಮುಂದಿನ ನಾಲ್ಕು ಸಾಲು ಹಾಡಿಂದಲ್ಲ,” ಎಂದಳು. “ನಾನು ಕಟ್ಟಿದ್ದು. ಮೊನ್ನೆ ಮೀನೂಟದ ಗಡಿಬಿಡೀಲಿ ಒದ್ದೆ ಬಟ್ಟೆ ಹಳೇ ಹಲಗೆ ಮೇಲೆ ಹಾಕ್ಬಿಟ್ಟೆ. ಅಂಚು ಕರಗಿಹೋಯ್ತು. ಹೇಳೋಕೆ ಹೆದರಿಕೆಯಾಯ್ತು.”

ಎಲ್ಮೇಶುಮ್ ಬುಟ್ಟಿಯಿಂದ ಅಜ್ಜನ ಹಲಗೆ ತೆಗೆದು, ಕರಗಿದ ಅಂಚಿನ ಮೇಲೆ ಹೆಬ್ಬೆರಳು ಆಡಿಸಿದರು. ಆಮೇಲೆ, “ಅರವತ್ತು ವರ್ಷ,” ಎಂದರು. “ಹೊಳೆ ಉಕ್ಕಿದಾಗ ನಮ್ಮಮ್ಮ ಇದನ್ನ ತಲೆ ಮೇಲೆ ಹೊತ್ಕೊಂಡು ನಿಂತಿದ್ಲು. ನೀನು ಮೀನಿನ ಆಸೆಗೆ ಕರಗಿಸಿದೆ.”

ರಿಬತು ತಲೆ ತಗ್ಗಿಸಿದಳು. ಆಶ್ಚರ್ಯವೆಂದರೆ ಎರಡು ದಿನದ ಹೆದರಿಕೆ ಅಷ್ಟರಲ್ಲೇ ಕಾಣೆಯಾಗಿತ್ತು. ಇನ್ನು ಉಣ್ಣೆ ಬಿಡಿಸುವುದಾದರೆ ಬಿಡಿಸಿದರಾಯಿತು ಅನ್ನಿಸಿತು.

“ಏನು ಕಟ್ಟಿದೀಯಾ ಮಗಳೇ?” ಮುದುಕ ಕೇಳಿದ.

“ರಾಜ ಮುದುಕಿಗೆ ತನ್ನ ಹೆಸರು ಕೊಟ್ಬಿಡ್ತಾನೆ ತಾತ. ಇನ್ನು ಯಾರೂ ಅವನ ಹೆಸರು ಹೇಳಲ್ಲ ಅಂತ.”

ಮುದುಕ ಹೊಟ್ಟೆ ಕುಣಿಸಿ ನಕ್ಕ. “ಹೆಸರು ಕೊಟ್ಟುಬಿಟ್ಟಿದ್ರೆ ನಾನು ಇಷ್ಟು ವರ್ಷ ಯಾರ ಮೇಲೆ ಹಾಡ್ತಿದ್ದೆ? ನೀನು ಸುಮ್ಮನಿದ್ದಿದ್ರೂ ಎರಡನೇ ಮಾತಿಗೇ ಸಿಕ್ಕಿಬೀಳ್ತಿದ್ದೆ! ಕೇಳಿಲ್ಲಿ.” ಗಂಟಲು ಸರಿಮಾಡಿಕೊಂಡು ಹಾಡಿದ.

“ಸಿಂಹಾಸನ ಕೇಳಬೇಡ, ಅದು ಊರಿನದು.
ಹೋರಿಗಳ ಕೇಳಬೇಡ, ಅವು ದೇವರವು.
ನನ್ನದೆಂಬುದು ನನ್ನ ದಾಹವೊಂದೇ…”

ಅಲ್ಲಿಗೆ ನಿಂತ. ತೊಡೆ ತಟ್ಟುವ ಬೆರಳೂ ನಿಂತಿತು. ಮತ್ತೆ ಮೊದಲಿಂದ ಹಾಡಿದ. ಮತ್ತೆ ಅಲ್ಲೇ ನಿಂತ. ಮೂರನೆಯ ಸಲ ದಾಹದ ಸಾಲು ಹೇಳಿ ಸುಮ್ಮನೆ ಗೋಡೆ ನೋಡಿದ.

“ಹೋಯ್ತು,” ಎಂದ ಮೆಲ್ಲಗೆ. “ಹೋದ ವರ್ಷದಿಂದ ಹೀಗೇ. ಅಲ್ಲೊಂದು ಸಾಲು, ಇಲ್ಲೊಂದು ಸಾಲು. ಆ ಜಾಗ ಬಂದಾಗ ಕೆಮ್ಮಿಬಿಡ್ತೀನಿ, ತಂತಿ ಜೋರಾಗಿ ಮೀಟ್ತೀನಿ. ಜನ ಗೊತ್ತಾಗದೆ ತಲೆದೂಗ್ತಾರೆ. ಇಲ್ಲಿಗೆ ಬಂದಿದ್ದೂ ಅದಕ್ಕೇ, ನೀವು ಓದೋವಾಗ ಕೇಳಿ ಕದ್ಕೊಂಡು ಹೋಗೋಣ ಅಂತ.”

“ಮೊದಲೇ ಹೇಳೋಕೇನಾಗಿತ್ತು?” ಎಲ್ಮೇಶುಮ್ ಗದರಿದರು.

“ಈ ಹುಡುಗಿಗೆ ಎರಡು ದಿನ ಹಿಡೀತು. ನನಗೆ ಒಂದು ವರ್ಷ ಹಿಡೀತು. ವಯಸ್ಸಾಯ್ತಲ್ಲ ತಾಯೀ, ಎಲ್ಲಾ ನಿಧಾನ.”

ಬಾಗಿಲ ಮರೆಯಲ್ಲಿ ಲಮಸ್ಸಿಗೆ ನಗು ತಡೆಯಲಾಗಲಿಲ್ಲ. ಎಲ್ಮೇಶುಮ್ ಬಾಯಿಯ ಮೂಲೆ ಅದುರಿತು. ಅವರು ಅದನ್ನು ಸೆರಗಿನಲ್ಲಿ ಒರೆಸಿಕೊಂಡರು.

“ಕಡ್ಡಿ ತಗೋ,” ಎಂದರು ರಿಬತುವಿಗೆ.

ಅವಳು ಕಣ್ಣೆತ್ತಿ ನೋಡಿದಳು. ತಾನು ಕೇಳಿಸಿಕೊಂಡದ್ದು ನಿಜವೋ ಅಲ್ಲವೋ ಎಂಬಂತೆ.

“ಏನು ನೋಡ್ತೀಯಾ? ಹೊರಗಿನವರ ಎದುರು ಬಾಯಿಬಿಟ್ಟು ಹೇಳಿದೀಯ. ಇನ್ನು ಮೇಲೆ ನೀನು ಬರೆದದ್ದನ್ನ ಎರಡೆರಡು ಸಲ ಪರೀಕ್ಷೆ ಮಾಡೋ ಕೆಲಸ ನಂಗಿಲ್ಲ. ನಿನ್ನ ನಾಲ್ಕೂ ಸಾಲು ಕೆರೆದು ಹಾಕು. ಇವರ ಮೂರು ಸಾಲು ಬರಿ. ನಾಲ್ಕನೇದಕ್ಕೆ ಏನು ಬರೀಬೇಕು ಅಂತ ಗೊತ್ತಲ್ಲ? ಆಮೇಲೆ ಸುಗ್ಗಿವರೆಗೂ ಪಾಠಶಾಲೆ ಮಣ್ಣೆಲ್ಲಾ ನೀನೇ ನಾದ್ಬೇಕು.”

“ನಾದ್ತೀನಿ ಅಮ್ಮಾ.” ಸುಗ್ಗಿಗೆ ಐದು ತಿಂಗಳಿತ್ತು. ಅದೇನೂ ಹೆಚ್ಚೆನಿಸಲಿಲ್ಲ.

ಅವಳು ಬೆರಳು ಒದ್ದೆ ಮಾಡಿಕೊಂಡು ತನ್ನ ಸಾಲುಗಳನ್ನು ಉಜ್ಜಿದಳು. ಮಣ್ಣು ನುಣ್ಣಗಾಯಿತು. ರಾಜನ ಮೂರು ಸಾಲು ಒತ್ತಿದಳು. ನಾಲ್ಕನೆಯದರ ಜಾಗದಲ್ಲಿ, ಚಿಕ್ಕದಾಗಿ: ಹೊಸ ಒಡಕು. ಪಕ್ಕದಲ್ಲಿ ತನ್ನ ಹೆಸರು. ಒತ್ತಿದ ಮೇಲೆ ನೋಡಿದರೆ ಅದು ಬರೀ ಹೆಸರು; ಪಕ್ಕದ ಅಕ್ಷರಗಳಷ್ಟೇ ಎತ್ತರ.

“ನನ್ನದೂ ಹಾಕು ಮಗಳೇ,” ಎಂದ ಮುದುಕ. “ಮಣ್ಣಲ್ಲಿ ಒಡೆದದ್ದು ನೀನು, ಬಾಯಲ್ಲಿ ಒಡೆದದ್ದು ನಾನು.”

ರಿಬತು ಎಲ್ಮೇಶುಮ್ ಕಡೆ ನೋಡಿದಳು. ಅವರು ಹೂಂ ಅಂದರು. ಅವಳು ಆ ಹೆಸರನ್ನೂ ಒತ್ತುತ್ತಿರುವಾಗ ಇಬ್ನಾತುಮ್ ದೊಡ್ಡದೊಂದು ಉಸಿರು ಬಿಟ್ಟು, ಕಾಲು ಚಾಚಿ, ಕಣ್ಣು ಮುಚ್ಚಿದ.

“ಇನ್ನು ಅಲ್ಲಿಗೆ ಬಂದಾಗ ಕೆಮ್ಮಲ್ಲ,” ಎಂದ. “ಇಲ್ಲಿ ಒಡೆದಿದೆ ಅಂತ ಹಾಡಿ ಮುಂದಕ್ಕೆ ಹೋಗ್ತೀನಿ.”