ಇಲಿಯ ಹಿಂದಿನ ಓಣಿ

ಇಂದ್ರವ್ವ ಸತ್ತ ತಮ್ಮನ ತಲೆಗೆ ಮೂರನೇ ಸಲ ರುಮಾಲು ಸುತ್ತಿದಳು. ಗೋಡೆಗೆ ಆನಿಸಿ ಕೂರಿಸಿದ್ದ ಚಿದಾನಂದನ ತಲೆ ಮತ್ತೆ ವಾಲಿ, ರುಮಾಲು ಮೂಗಿನ ಮೇಲಿಳಿಯಿತು.

"ಇದ್ದಾಗೂ ನನ್ನ ಮಾತು ಕೇಳಲಿಲ್ಲ, ಈಗರ ಕೇಳೋ," ಎಂದು ಗದರಿದಳು. ಗದರಿದ ಗಂಟಲಲ್ಲೇ ಅಳುವೂ ಬಂತು.

ಮಣ್ಣಿಗೆ ಒಯ್ಯುವ ಮುಂಚೆ ನಾಲ್ಕು ಮಾತಾಡಬೇಕಿದ್ದ ಗಿರಿಮಲ್ಲಪ್ಪ ಚೀಟಿ ಹಿಡಿದು ಬಂದ. ಆಣೆಕಟ್ಟೆಯ ಹಿನ್ನೀರಿನಲ್ಲಿ ಊರು ಮುಳುಗುವ ಮೊದಲು ಎದುರುಮನೆಯವನು. ಬೀಳಗಿ ಹತ್ತಿರದ ಈ ಪುನರ್ವಸತಿ ಕೇಂದ್ರದಲ್ಲೂ ಬೆನ್ನು ಬಿಡದ ನೆರೆಯವನು.

"ಇಂದ್ರಕ್ಕಾ, ಪುಣೆದಾಗ ಕಾರ್ಟೂನ್ ಸಿನಿಮಾಕ್ಕ ಗೊಂಬಿ ಬರೀತಿದ್ದ ಅಂತ ಹೇಳ್ಲ್ಯಾ?"

"ಗೊಂಬಿ ಅಲ್ಲೋ ಯಪ್ಪಾ! ಗೊಂಬಿ ಬರ್ಯಾಕ ಬ್ಯಾರೆ ಮಂದಿ ಇರ್ತಾರ. ಅವು ಇರೋ ಮನಿ, ಓಣಿ, ಗಿಡ, ಬಿಸಿಲು ಹೆಂಗಿರಬೇಕಂತ ಇಂವ ಬರೀತಿದ್ದ."

"ಅಂದ್ರ ನಾಟಕದ ಪರದೆ ಇದ್ದಂಗೇನ?"

ಇಂದ್ರವ್ವ ಹಣೆ ಚಚ್ಚಿಕೊಂಡಳು. ಬೆಳಗಿನಿಂದ ಕೇಳಿದವರಲ್ಲಿ ಇವನು ಒಂಬತ್ತನೆಯವನು. ಮೂವತ್ತು ವರ್ಷ ದುಡಿದವನು ಏನು ಮಾಡಿದನೆಂದು ಒಬ್ಬರಿಗೂ ತಿಳಿಯದೆ ಮಣ್ಣಾಗುವುದನ್ನು ಅವಳಿಂದ ಸಹಿಸಲಾಗಲಿಲ್ಲ.

*

ಅವಳಾದರೂ ಏನು ತಿಳಿದಿದ್ದಳು? ಹತ್ತು ವರ್ಷದ ಹಿಂದೆ ಜಮಖಂಡಿಯ ಟಾಕೀಸಿಗೆ ಅವನ ಇಲಿಯ ಸಿನಿಮಾ ಬಂದಾಗ ಅಕ್ಕನನ್ನು ಕರೆದೊಯ್ದಿದ್ದ. ತಮ್ಮನ ಕೈಕೆಲಸ ಎಲ್ಲಿ ತಪ್ಪಿಹೋದೀತೋ ಎಂದು ಅವಳು ಇಲಿಯ ಮೇಲಿಂದ ಕಣ್ಣು ಕೀಳಲೇ ಇಲ್ಲ.

"ಇಲಿ ಭಾಳ ಛಲೋ ಬರದೀ ನೋಡು."

"ಇಲಿ ನಂದಲ್ಲ ಬೇ ಅಕ್ಕಾ," ಎಂದು ನಕ್ಕ.

"ಮತ್ತ ಎರಡು ತಾಸು ನನ್ನ ಯಾಕ ಕುಂದ್ರಿಸಿದಿ?" ಎಂದು ಬಸ್ಸಿನಲ್ಲಿ ದಾರಿಯುದ್ದಕ್ಕೂ ಜಗಳ ತೆಗೆದಿದ್ದಳು. ಅವನು ಕಿಟಕಿಯಾಚೆ ಸರಿಯುವ ಮನೆ, ಗಿಡಗಳನ್ನು ನೋಡುತ್ತ ಕೂತಿದ್ದ.

*

"ಕಾವ್ಯಾ, ಆ ಸಿನಿಮಾ ಮೊಬೈಲ್‌ನ್ಯಾಗ ಐತೇನ? ಇವ್ನಿಗೆ ತೋರ್ಸವ್ವಾ. ನನ್ನ ಬಾಯಿ ಸೋತೈತಿ."

ಚಿದಾನಂದನ ಮಗಳು ಕಣ್ಣೊರೆಸಿಕೊಂಡು ಸಿನಿಮಾ ಹಾಕಿದಳು. ಇಲಿ ಕುಣಿಯುತ್ತ ಓಡಿತು. ಗಿರಿಮಲ್ಲಪ್ಪ ಒಮ್ಮೆಲೇ ಅವಳ ಕೈ ಹಿಡಿದ.

"ತಡಿಯವ್ವಾ! ಇಲಿ ಹಿಂದ ಇರೋದು ಮುಳುಗಿದ ನಮ್ಮ ಮನಿ ಕಟ್ಟಿ! ನಮ್ಮಪ್ಪ ಕೊರೆದ ಹುಲಿಮನಿ ಆಟದ ಗೆರಿ ಸೈತ ಐತಿ!"

ಅಂಗಳದ ಜನ ಒಳಗೆ ನುಗ್ಗಿದರು. ಒಬ್ಬರಿಗೆ ತಮ್ಮ ಹಿತ್ತಲ ಬೇವಿನಮರ ಕಂಡಿತು, ಇನ್ನೊಬ್ಬರಿಗೆ ಬೀರಪ್ಪನ ಗುಡಿಯ ಮೆಟ್ಟಿಲು.

"ಈ ಇಲಿ ಸುಡ್ಲಿ, ನಡುವ ಯಾಕ ಬರತೈತಿ? ಬಾಜೂಕ ಸರಸವ್ವಾ, ಓಣಿ ಕಾಣವಲ್ದು!" ಗಿರಿಮಲ್ಲಪ್ಪ ಸಿಡುಕಿದ.

ಇಂದ್ರವ್ವ ಚಾಳೀಸು ಕಣ್ಣಿಗೇರಿಸಿ ಗುಂಪಿನೊಳಗೆ ತೂರಿದಳು. "ನಮ್ಮ ಮನಿ ಎಲ್ಲೈತಿ? ಬಂದಾಗ ನಿಲ್ಸವ್ವಾ!"

"ಹೊತ್ತಾತು, ಎತ್ತ್ರಿ," ಎಂದು ಹೊರಗಿನಿಂದ ಯಾರೋ ಎರಡು ಸಲ ಕೂಗಿದರು. ಒಬ್ಬರೂ ತಿರುಗಿ ನೋಡಲಿಲ್ಲ. ಅಷ್ಟೂ ಜನರ ಬೆನ್ನ ಹಿಂದೆ, ಗೋಡೆಗೆ ಒರಗಿ, ಚಿದಾನಂದ ಒಬ್ಬನೇ ಕೂತಿದ್ದ.