ಮೋರಿಗೆ ಬಿದ್ದ ಕೊಳ

“ಎದ್ದು ಬಾರೇ ಹೆಗ್ಗಣ! ಏಯ್, ಕೈ ಅಲ್ಲಿಡಬೇಡ! ಮೆಟ್ಟಿಲು ಮುಟ್ಟಬೇಡವೇ ಮುಂಡೇದೆ! ಗಾಳೀಲಿ ನಿಲ್ಲು!”

ಗಾಳಿಯಲ್ಲಿ ನಿಲ್ಲುವ ವಿದ್ಯೆ ಹೆಗ್ಗಣಳಿಗೆ ಗೊತ್ತಿರಲಿಲ್ಲ. ಕೊಳದ ಮಗ್ಗುಲಿನ ಮೋರಿಯ ಮುಚ್ಚಳದ ಇಟ್ಟಿಗೆ ಸರಿಸಿ, ತಲೆಯಷ್ಟನ್ನೇ ಹೊರಗಿಟ್ಟು, ಕೂಗುತ್ತಿದ್ದ ಕಾವಲುಗಾರನ ಕಾಲ ಹೆಬ್ಬೆರಳು ನೋಡುತ್ತ ನಿಂತಳು. ಹುಟ್ಟಿದಾಗ ಇಟ್ಟ ಹೆಸರು ಅವಳಿಗೇ ಮರೆತುಹೋಗಿತ್ತು. ನೆಲದಡಿಯಲ್ಲಿ ತೆವಳಿ ಹೂಳು ಬಾಚುವ ಮನೆಗೆ ಸೊಸೆಯಾಗಿ ಬಂದ ದಿನವೇ ಊರು ಈ ಹೆಸರು ಕೊಟ್ಟಿತ್ತು.

ಕಬ್ಬಿಣ ಇನ್ನೂ ಹುಟ್ಟಿರದ ಕಾಲ, ತಾಮ್ರದ್ದೇ ಜಂಭ. ದೊಡ್ಡ ಹೊಳೆಯ ದಂಡೆಗೆ ಊರು. ದಿಬ್ಬದ ಮೇಲೆ ಮೇಲೂರು, ತಗ್ಗಿನಲ್ಲಿ ಕೆಳಕೇರಿ. ಎರಡು ಕಡೆಯೂ ಇಟ್ಟಿಗೆ ಒಂದೇ ಅಚ್ಚಿನದು, ಗೆರೆ ಎಳೆದಂಥ ಬೀದಿ, ಬೀದಿಯಡಿಗೆಲ್ಲ ಮೋರಿ. ಮೇಲೂರಿನ ಬಚ್ಚಲ ನೀರು ಒಂದು ಹನಿಯೂ ಚೆಲ್ಲದೆ ಕೆಳಕೇರಿಯ ಬಾಗಿಲಿಗೆ ಬಂದು ಮುಟ್ಟುವಷ್ಟು ಅಚ್ಚುಕಟ್ಟು.

ಈ ಸಲ ಹೊಳೆ ಉಕ್ಕಿ ಕೆಳಕೇರಿಯ ಬಾವಿಗಳಿಗೆ ಕೆಸರು ನುಗ್ಗಿತ್ತು. ಕುಡಿದವರಿಗೆಲ್ಲ ಭೇದಿ. ಹೆಗ್ಗಣಳ ಮಗಳು, ಇನ್ನೂ ಮಾತು ಬಾರದ ಕೂಸು, ತುಟಿ ಒಡೆದು ಅತ್ತೆಯ ಹೆಗಲ ಮೇಲೆ ಬಾಡಿದ ಸೊಪ್ಪಿನಂತೆ ಬಿದ್ದಿತ್ತು. ಮೇಲೂರಿನ ಕೊಳದಲ್ಲಿ ಮಾತ್ರ ಆಕಾಶವನ್ನು ತೊಳೆದಿಟ್ಟಂಥ ನೀರು. ಕೂಸಿಗೊಂದು ಗುಟುಕು ಕೇಳಲು ಬೆಳಿಗ್ಗೆ ಬಂದಿದ್ದ ಅತ್ತೆಯ ಮಡಕೆಯನ್ನು ಇದೇ ಕಾವಲುಗಾರ ಒದ್ದು ಒಡೆದಿದ್ದ.

ಈಗ ಕೊಳದ ಕಟ್ಟೆಯ ಮೇಲೆ ಪೂಜಾರಿ ಹಲ್ಲು ಕಡಿಯುತ್ತಿದ್ದ. ನಾಳೆ ಒಡೆಯರ ಸ್ನಾನ. ಅಷ್ಟರೊಳಗೆ ಹಳೆ ನೀರು ಬಿಟ್ಟು ಹೊಸ ನೀರು ತುಂಬಬೇಕು. ತಳದ ಮರದ ಬಿರಡೆ ನೀರು ಕುಡಿದು ಉಬ್ಬಿ ಕೂತಿದೆ, ಒಳಗಿಳಿದೇ ಕೀಳಬೇಕು. ಬಿರಡೆ ಮೋರಿಗೆ ಸೇರಿದ್ದು, ಮೇಲೂರಿನವರು ಮುಟ್ಟುವಂತಿಲ್ಲ. ನೀರು ದೇವರಿಗೆ ಸೇರಿದ್ದು, ಹೆಗ್ಗಣ ಮುಟ್ಟುವಂತಿಲ್ಲ.

“ನೀರು ಮುಟ್ಟದೆ ಇಳಿದು ಬಿರಡೆ ಕೀಳು,” ಎಂದ ಪೂಜಾರಿ.

“ಹೆಂಗೆ ಬುದ್ಧೀ?”

“ಹೆಂಗೋ! ಉಸಿರು ಬಿಗಿಹಿಡಿದು!”

“ಉಸಿರು ಬಿಗಿಹಿಡಿದ್ರೆ ಮೂಗಿನ ಒಳಗೆ ಒಣಗಿರತ್ತೆ. ಮಿಕ್ಕಿದ್ದು?”

ಕಾವಲುಗಾರ ಕಿಸಕ್ಕನೆ ನಕ್ಕು, ಪೂಜಾರಿ ತಿರುಗಿದ ಕೂಡಲೇ ಕೆಮ್ಮಿದ. “ಸ್ವಾಮಿ, ಇವಳ ಮೈಗೆಲ್ಲ ರಾಳ ಬಳಿದು ಇಳಿಸಿದ್ರೆ? ನೀರು ತಾಗೋದೇ ಇಲ್ಲ.”

“ಥೂ, ಕೊಳ ಕಪ್ಪಾಗಲ್ವೇನೋ ಎಮ್ಮೆ!”

“ಕಣ್ಣು ಕಟ್ಟಿದ್ರೆ?”

“ಯಾರ ಕಣ್ಣೋ? ಇವಳ ಕಣ್ಣು ಕಟ್ಟಿದ್ರೆ ನೀರಿಗೆ ಕಾಣಲ್ವಾ?”

“ನೀರಿನ ಕಣ್ಣು ಕಟ್ಟಿದ್ರೆ?” ಎಂದಳು ಹೆಗ್ಗಣ.

ಪೂಜಾರಿ ಒದೆಯಲು ಕಾಲೆತ್ತಿದ. ಒದ್ದರೆ ಅವಳ ತಲೆ ಮುಟ್ಟಬೇಕಾಗುತ್ತದೆಂದು ನೆನಪಾಗಿ ಹಾಗೇ ಕೊಕ್ಕರೆಯಂತೆ ನಿಂತ. ನಿಂತಲ್ಲೇ ಅವನ ಮುಖ ಅರಳಿತು. ಹಸಿ ಮಣ್ಣಿನ ಮುದ್ದೆ ತರಿಸಿದ, ಸೊಂಟದ ಮುದ್ರೆ ಬಿಚ್ಚಿ ಒತ್ತಿದ, ಮೇಲೂರಿಗೆಲ್ಲ ಕೇಳುವಂತೆ ಕೂಗಿದ:

“ಈ ಗಳಿಗೆಯಿಂದ ಇದು ಕೊಳವಲ್ಲ, ಮೋರಿ! ಮುದ್ರೆ ಬಿತ್ತು! ಈಗ ನಿನ್ನ ಮೋರಿಗೆ ನೀನಿಳಿಯೇ!”

ಹೆಗ್ಗಣ ಇಳಿದಳು. ಮೊಣಕಾಲಿಗೆ ತಣ್ಣಗಾಯಿತು, ಕಂಕುಳಿಗೆ ಕಚಗುಳಿಯಾಯಿತು. ನಾತವೇ ಇಲ್ಲದ ನೀರು! ಮುಳುಗಿ ಕಣ್ಣು ಬಿಟ್ಟರೆ ತನ್ನ ಪಾದ ತನಗೇ ಕಂಡಿತು, ಐದೈದು ಬೆರಳೂ. ನಗು ಬಂತು. ನೀರೊಳಗೆ ನಗಬಾರದೆಂದು ಅವಳಿಗೆ ಯಾರು ಹೇಳಿದ್ದರು? ಕೆಮ್ಮುತ್ತ, ಬಿಕ್ಕುತ್ತ, ನಗುತ್ತ ಮೇಲೆದ್ದಳು.

“ಕಿಸೀಬೇಡ! ಬಿರಡೆ ಕೀಳು!”

“ಬುದ್ಧೀ, ಇದು ಮೋರೀನೇ ತಾನೆ?”

“ಮೋರೀನೇ!”

“ಮುದ್ರೆ ಬಿದ್ದಿರೋದು ನಿಜ ತಾನೆ?”

“ಬಿದ್ದಿದೆ ಕಣೇ, ಎಷ್ಟು ಸಲ ಬಡ್ಕೊಳ್ಳಲಿ!”

ಮೋರಿಗೆ ಬಿದ್ದದ್ದು ಮೋರಿಯವರದು. ಈ ಕಟ್ಟಳೆ ಮಾಡಿದವರು ಮೇಲೂರಿನವರೇ. ಉಂಗುರ ಜಾರಲಿ, ಮಣಿಸರ ಹರಿಯಲಿ, ಹೊಲಸಿಗೆ ಬಿದ್ದದ್ದನ್ನು ಮತ್ತೆ ಕೈಯಲ್ಲಿ ಹಿಡಿಯಲು ಅವರಿಗೆ ಹೇಸಿಗೆ. ಅತ್ತೆಯ ಕಿವಿಯಲ್ಲಿದ್ದ ಕೆಂಪು ಮಣಿ ಒಡೆಯರ ಅಕ್ಕನ ಕೊರಳಿನದು.

ಹೆಗ್ಗಣ ಎರಡೂ ಕೈ ಬಾಯಿಗೆ ಹಿಡಿದು ತಗ್ಗಿನ ಕಡೆ ಕೂಗಿದಳು. “ಅತ್ತೇ! ಓ ಅತ್ತೇ! ಕೊಳ ಮೋರಿಗೆ ಬಿತ್ತು! ಕೂಸನ್ನ ಎತ್ಕೊಂಡು ಬಾ! ಮಡಕೆ ಕುಡಿಕೆ ಇರೋರೆಲ್ಲ ಬನ್ರೋ!”

ಬಂದರು. ಇಟ್ಟಿಗೆ ತುಳಿಯುವವರು ಮೊಣಕಾಲ ಮಣ್ಣಿನ ಸಮೇತ ಬಂದರು, ಕುಂಬಾರಗಿತ್ತಿಯರು ಸುಡದ ಮಡಕೆಗಳನ್ನೂ ಹೊತ್ತು ಬಂದರು. ಮೊದಲು ಮಡಕೆಗಳು ತುಂಬಿದವು. ಕೂಸು ತಾಯಿಯ ಬೊಗಸೆಯಿಂದ ಹೀರಿತು, ನಿಂತಿತು, ಮತ್ತೆ ಹೀರಿತು, ಆಮೇಲೆ ಅಂಗೈಯಿಂದ ನೀರಿಗೇ ಪಟ್ಟೆಂದು ಹೊಡೆಯಿತು. ಹುಡುಗರು ಧುಡುಮ್ಮನೆ ಹಾರಿದರು.

“ಹಿಂದಕ್ಕೆ! ಮುದ್ರೆ ಹಿಂದಕ್ಕೆ ತಗೊಂಡೆ!” ಪೂಜಾರಿ ಮಣ್ಣಿನ ಮುದ್ದೆಯನ್ನು ಕಾಲಲ್ಲಿ ತುಳಿಯುತ್ತಿದ್ದ. “ಇದು ದೇವರ ನೀರು!”

ಅತ್ತೆ ಆಗಲೇ ಕತ್ತಿನವರೆಗೆ ನೀರಿನಲ್ಲಿ ಕೂತಿದ್ದಳು, ಹೆಗ್ಗಣ ಅವಳ ಬೆನ್ನು ತಿಕ್ಕುತ್ತಿದ್ದಳು. “ಯಾವುದಾದ್ರೂ ಒಂದು ಹೇಳಪ್ಪ. ಮೋರಿ ಅಂದ್ರೆ ನಮ್ಮದು. ದೇವರದ್ದು ಅಂದ್ರೆ, ಅವನು ನಮ್ಮನ್ನ ಬೇಡ ಅಂದಿದ್ದು ನನಗಂತೂ ಕೇಳಿಸ್ಲಿಲ್ಲ. ನಿನಗೇನಾದ್ರೂ ಕೇಳಿಸ್ತಾ?”

“ಎಳೆದು ಹಾಕೋ ಇವರನ್ನ!”

“ಮೋರಿಗಿಳಿದ್ರೆ ನನ್ನ ಹೆಂಡ್ತಿ ಮನೆಯೊಳಗೆ ಸೇರಿಸಲ್ಲ ಸ್ವಾಮಿ,” ಎಂದ ಕಾವಲುಗಾರ.

“ಹಾಗಾದ್ರೆ ಹೊಡಿಯೋ ಬೋಳಿಮಗನೇ!”

ಕಾವಲುಗಾರ ಕಟ್ಟೆಯ ಇಟ್ಟಿಗೆಯೊಂದನ್ನು ಕಿತ್ತು ಬೀಸಿದ. ಅದು ನಡುಕೊಳದಲ್ಲಿ ಬಿದ್ದು ನೀರು ಆಳೆತ್ತರ ಚಿಮ್ಮಿತು. ಹುಡುಗರು ಕೇಕೆ ಹಾಕಿದರು. “ಇನ್ನೊಂದು ಹಾಕಣ್ಣಾ! ಇನ್ನೂ ದೊಡ್ಡದು!”

ಎರಡನೆಯದು ಹತ್ತಿರ ಬಿತ್ತು. ಹೆಗ್ಗಣ ಕೂಸನ್ನು ಒಂದು ಕೈಯಲ್ಲಿ ಎದೆಗವಚಿಕೊಂಡು ಕಾವಲುಗಾರನ ಕಡೆಗೆ ಬೆನ್ನು ಮಾಡಿದಳು. ಇನ್ನೊಂದು ಕೈಯಲ್ಲಿ ಅತ್ತೆಯ ಬೆನ್ನು ತಿಕ್ಕುವುದನ್ನು ಬಿಡಲಿಲ್ಲ. ಎಷ್ಟೋ ಮಳೆಗಾಲಗಳ ಹೂಳು ಪದರ ಪದರವಾಗಿ ಏಳುತ್ತಿತ್ತು.

ಮೂರನೆಯದು ಅತ್ತೆಯ ಭುಜ ಸವರಿಕೊಂಡು ಹೋಯಿತು. ನೀರಿನಲ್ಲಿ ಕೆಂಪು ಎಳೆಯೊಂದು ಮೆಲ್ಲಗೆ ಬಿಚ್ಚಿಕೊಂಡಿತು. ಹುಡುಗರ ಕೇಕೆ ನಿಂತಿತು. ಹೆಗ್ಗಣಳ ಕೈಯೂ ನಿಂತಿತು.

“ಯಾಕೇ ನಿಲ್ಲಿಸಿದೆ?” ಅತ್ತೆ ತಿರುಗಿ ನೋಡಲಿಲ್ಲ. “ತಿಕ್ಕು. ಇನ್ನೊಂಚೂರು ಎಡಕ್ಕೆ.”