ಮೇಜಿನ ಕೆಳಗಿನ ಮೆನಿಕೆ

ರೇಡಿಯೋದಲ್ಲಿ ಗಂಡ ಹೆಂಡತಿ, ಹೊರಗೆ ಅಕ್ಕ ತಮ್ಮ. ಸೀಲವತಿ, ದಯಾಪಾಲರ ಬಗ್ಗೆ ಕೊಲಂಬೊದಲ್ಲಿ ಓಡಾಡುತ್ತಿದ್ದ ತಮಾಷೆಯ ಮಾತು ಇದು. ಭಾನುವಾರ ಮಧ್ಯಾಹ್ನ ಅವರ ನಾಟಕ ಶುರುವಾದರೆ ಮೀನು ಮಾರುವವನೂ ಸೈಕಲ್ ನಿಲ್ಲಿಸಿ ಯಾರದೋ ಕಿಟಕಿಗೆ ಕಿವಿಗೊಡುತ್ತಿದ್ದ. ಆಕೆ ಹಳ್ಳಿಯ ಹೆಂಗಸು ಮೆನಿಕೆ, ಆತ ಅವಳ ಸಿಡುಕ ಗಂಡ ಅಪ್ಪುಹಾಮಿ.

ದಯಾಪಾಲನದು ಜೇನಿನಂಥ ದನಿ. ತಾಳ್ಮೆ ಮಾತ್ರ ಸೊನ್ನೆ. ಎದುರಿನವರ ಮಾತು ಮುಗಿಯುವ ಮುಂಚೆಯೇ ಬಾಯಿ ಹಾಕುತ್ತಿದ್ದ. ರೇಡಿಯೋದ ಮೇಲಿನವರು ಅವನನ್ನು ಮನೆಗೆ ಕಳಿಸಲು ಹೊರಟಾಗ ಸೀಲವತಿಯೇ ಅಡ್ಡ ನಿಂತು ಒಂದು ಉಪಾಯ ಹೂಡಿದಳು. ಇಬ್ಬರಿಗೂ ಒಂದೇ ಮೈಕು. ಅವನ ಮಣಿಕಟ್ಟು ಅವಳ ಕೈಯಲ್ಲಿ. ಒತ್ತಿದರೆ ಮಾತು, ಒತ್ತದಿದ್ದರೆ ಮೌನ. ಕೇಳುವವರಿಗೆ ಅದೆಲ್ಲ ಕಾಣುತ್ತದೆಯೇ? ಅಪ್ಪುಹಾಮಿ ಎಷ್ಟು ತೂಗಿ ಮಾತಾಡುತ್ತಾನೆಂದು ಊರೆಲ್ಲ ಹೊಗಳಿದ್ದೇ ಹೊಗಳಿದ್ದು.

ಆ ನಾಟಕ ಸಿನಿಮಾ ಆಗುತ್ತದೆಂಬ ಸುದ್ದಿ ಬಂದಾಗ, "ಹೋದ್ರೆ ಇಬ್ರೂ ಹೋಗೋಣ ಅಕ್ಕಾ, ಇಲ್ದಿದ್ರೆ ಇಬ್ರೂ ಬೇಡ" ಎಂದು ಕ್ಯಾಂಟೀನಿನಲ್ಲಿ ಎಲ್ಲರೆದುರು ಹೇಳಿದವನು ಅವನೇ. ಸೀಲವತಿಗೂ ಆಸೆಯಿತ್ತು, ಸುಳ್ಳೇಕೆ? ಇಷ್ಟು ವರ್ಷ ಬರೀ ದನಿಯಾಗಿದ್ದವಳಿಗೆ ಒಮ್ಮೆಯಾದರೂ ಜನ ತನ್ನ ಮುಖ ನೋಡಿ 'ಇವಳೇ ಮೆನಿಕೆ' ಅನ್ನಬೇಕಿತ್ತು.

ಒಂದು ಸಂಜೆ ಅವನು ವೀಳ್ಯದೆಲೆಯ ಕಟ್ಟು ಹಿಡಿದು ಮನೆಗೆ ಬಂದು ಕಾಲಿಗೆ ಬಿದ್ದ.

"ಶೂಟಿಂಗ್ ಶುರುವಾಗಿದೆ ಅಕ್ಕಾ. ನೀವಿಲ್ದೆ ಆಗ್ತಿಲ್ಲ. ನಾಳೆ ಬರ್ತೀರಲ್ಲ?"

"ಬರದೆ ಏನೋ ಹುಚ್ಚಪ್ಪಾ! ಮೆನಿಕೆ ಇಲ್ದೆ ಅಪ್ಪುಹಾಮಿಗೆ ಅನ್ನ ಬಡಿಸೋರ್ಯಾರು?"

ಅವಳು ಎಲೆ ತೆಗೆದುಕೊಂಡು ತಲೆ ಮುಟ್ಟಿ ಹರಸಿದಳು. ಅಲ್ಲಿನ ವಾಡಿಕೆಯಂತೆ, ಎಲೆ ತೆಗೆದುಕೊಂಡ ಗುರು ಶಿಷ್ಯನಿಗೆ ಕೇಡು ಬಯಸುವಂತಿಲ್ಲ. ಬೆಳಿಗ್ಗೆ ಹಾಲನ್ನ ಮಾಡಿ ಬುದ್ಧನ ಮುಂದಿಟ್ಟು, ಪೆಟ್ಟಿಗೆಯಲ್ಲಿದ್ದ ಅಮ್ಮನ ಕ್ಯಾಂಡಿ ಸೀರೆ ಉಟ್ಟು ಹೊರಟಳು.

ಶೂಟಿಂಗಿನ ಮನೆಯಲ್ಲಿ, ಊಟದ ಮೇಜಿನ ಮುಂದೆ, ಅಂಥದೇ ಸೀರೆಯುಟ್ಟ ಎಳೆಯ ಹುಡುಗಿಯೊಬ್ಬಳು ಕೂತಿದ್ದಳು. ಮೆನಿಕೆಯ ಮಾತುಗಳನ್ನು ಬಾಯಿಪಾಠ ಮಾಡುತ್ತಿದ್ದಳು.

ನಿರ್ದೇಶಕ ಕರುಣಾತಿಲಕ ಓಡಿಬಂದ. "ಸದ್ಯ, ಬಂದ್ರಲ್ಲ ಅಕ್ಕಾ! ನಿನ್ನೆಯೆಲ್ಲಾ ಹಾಳಾಯ್ತು. ಈ ಮಹಾರಾಯ ಆ ಹುಡುಗಿಗೆ ಮಾತು ಮುಗ್ಸೋಕೇ ಬಿಡಲ್ಲ. ಕೊನೆಗೆ ನಿಮ್ಮ ಗುಟ್ಟು ಹೇಳ್ದ. ಕೈ ಹಿಡ್ಕೊಂಡ್ರೆ ಕ್ಯಾಮೆರಾಗೆ ಕಾಣುತ್ತೆ. ಮೇಜಿನ ಕೆಳಗೆ ಕೂತು ಇವನ ಕಾಲು ಒತ್ತಿ, ಸಾಕು."

ಅವಳು ದಯಾಪಾಲನ ಕಡೆ ನೋಡಿದಳು. ಅವನು ಅನ್ನದ ತಟ್ಟೆ ನೋಡುತ್ತಿದ್ದ.

"ದಯಾ, ಇದಕ್ಕೇನೋ ಎಲೆ ಕೊಟ್ಟಿದ್ದು?"

"ಮುಖಕ್ಕೆ ವಯಸ್ಸಾಗಿದೆ ಅಂದ್ರು ಅಕ್ಕಾ. ನಾನೇನು ಮಾಡ್ಲಿ?"

ತಿರುಗಿ ಹೋಗಬಹುದಿತ್ತು. ಆದರೆ ತೆಗೆದುಕೊಂಡ ಎಲೆ ಮನೆಯಲ್ಲಿ ಇನ್ನೂ ಬಾಡಿರಲಿಲ್ಲ. ಅಮ್ಮನ ಸೀರೆ ಎತ್ತಿಕಟ್ಟಿ ಸೀಲವತಿ ಮೇಜಿನ ಕೆಳಗೆ ತೂರಿದಳು.

ಅವಳು ಒತ್ತಿದಾಗಲೆಲ್ಲ ಅಪ್ಪುಹಾಮಿ ಮಾತಾಡಿದ, ತೂಗಿ ತೂಗಿ ಮಾತಾಡಿದ. ಕೊನೆಗೆ ಆ ಹುಡುಗಿ ಕೇಳಿದಳು: "ನನಗೆ ಮೋಸ ಮಾಡಿದಿರಾ?" ಅವನು ಹೇಳಬೇಕಾದದ್ದು, 'ಇಲ್ಲ ಮೆನಿಕೆ, ನಿನಗೆ ನಾನೆಂದೂ ಮೋಸ ಮಾಡಿಲ್ಲ.'

ಸೀಲವತಿ ಕಾಲು ಒತ್ತಲಿಲ್ಲ. ಈ ಒಂದು ಸುಳ್ಳನ್ನು ನನ್ನ ಕೈಯಿಂದ ಆಡಿಸಲಾರೆ ಎಂದು ಬೆರಳು ಮಡಚಿಕೊಂಡಳು. ಮೇಲೆ ನಿಶ್ಶಬ್ದ. ಅವನ ಪಾದ ಅವಳ ಬೆರಳನ್ನು ಹುಡುಕಿತು. ಅವಳಿಗೆ ಕಾಣದಿದ್ದದ್ದು ಅವನ ಕಣ್ಣೀರು. ಅದನ್ನು ಕ್ಯಾಮೆರಾ ನೋಡಿತು.

"ಕಟ್!" ಕರುಣಾತಿಲಕ ಕುಣಿದಾಡಿದ. "ಅದ್ಭುತ! ಆ ಮಾತೇ ಬೇಡ ಬಿಡಯ್ಯಾ!"

ಆ ಮೌನ ನೋಡಲೆಂದೇ ಜನ ಚಿತ್ರಮಂದಿರಕ್ಕೆ ಮುಗಿಬಿದ್ದರು. ಅದರ ಬೆನ್ನಿಗೇ ದಯಾಪಾಲನಿಗೆ ಟೀವಿ ಧಾರಾವಾಹಿ ಸಿಕ್ಕಿತು. ರೇಡಿಯೋ ನಾಟಕ ನಿಂತುಹೋಯಿತು.

ಪಕ್ಕದ ಮನೆಯ ಪ್ರೇಮಾವತಿಯ ಟೀವಿಯಲ್ಲಿ ಅವನ ಸಂದರ್ಶನ ಬಂದ ದಿನ ಸೀಲವತಿಯೂ ಚಾಪೆಯ ಮೇಲೆ ಕೂತಿದ್ದಳು. ಆ ಮೌನ ಹೊಳೆದದ್ದು ಹೇಗೆಂದು ಅವನನ್ನು ಕೇಳಿದರು.

"ಅದು ಯಾರೂ ಹೇಳಿಕೊಟ್ಟಿದ್ದಲ್ಲ," ಎಂದ ದಯಾಪಾಲ. "ಒಳಗಿಂದ ತಾನಾಗೇ ಬಂತು."

ಪ್ರೇಮಾವತಿ ಚಹಾ ಕೊಡುತ್ತ ಕೇಳಿದಳು, "ಅಕ್ಕಾ, ಅವರನ್ನ ಸಿನಿಮಾಗೆ ಕರೆದವರು ನಿಮ್ಮನ್ಯಾಕೆ ಕರೀಲಿಲ್ಲ?"

"ಕರೆದಿದ್ರಲ್ಲ," ಎಂದಳು ಸೀಲವತಿ. "ಆ ಸಿನಿಮಾದಲ್ಲಿ ನಾನೂ ಇದ್ದೀನಿ. ಮೇಜು ಅಡ್ಡ ಇದೆ, ಅಷ್ಟೆ."